ಶಾಲೆ ಯಾರದ್ದು? ಮಲೆನಾಡಿನ ಧಾರ್ಮಿಕ ಶಾಲೆಗಳ ಆಡಳಿತ ಜಗಳ ಕೋರ್ಟಿಗೆ ಹೋದಾಗ

ತೀರ್ಥಹಳ್ಳಿ ಕಡೆಯ ಒಂದು ಊರು ಎಂದುಕೊಳ್ಳಿ. ವಿಷಯ ಅರ್ಥವಾಗಲಿ ಅಂತ ಕಟ್ಟಿಕೊಂಡ ಉದಾಹರಣೆ ಇದು, ಹಾಗಾಗಿ ಊರಿನ ಹೆಸರು ಬೇಡ. ಅರವತ್ತು ವರ್ಷದ ಹಿಂದೆ ಅಲ್ಲಿನ ಮಠದ ಸ್ವಾಮಿಗಳು ಒಂದು ಶಾಲೆ ತೆರೆದರು. ಜಾಗ ಕೊಟ್ಟವರು ಊರಿನ ದೊಡ್ಡ ಜಮೀನುದಾರರು. ಮರ, ಹೆಂಚು, ಕಲ್ಲು, ಆಳು ಎಲ್ಲವೂ ಊರಿನವರದ್ದು. ಆಮೇಲೆ ಸರ್ಕಾರದ ಅನುದಾನ ಬಂತು. ಹಿರಿಯ ಸ್ವಾಮಿಗಳ ಕಾಲ ಮುಗಿಯಿತು. ಜಾಗ ಕೊಟ್ಟವರ ಮೊಮ್ಮಕ್ಕಳು ಬೆಂಗಳೂರು ಸೇರಿದರು. ಈಗ ಆ ಶಾಲೆಗೆ ಎರಡು ಆಡಳಿತ ಮಂಡಳಿ. ಒಂದು ಮಂಡಳಿ ಮುಖ್ಯೋಪಾಧ್ಯಾಯರನ್ನು ನೇಮಿಸಿದರೆ ಇನ್ನೊಂದು ಅವರನ್ನೇ ಅಮಾನತು ಮಾಡುತ್ತದೆ. ಯಾರ ಸಹಿ ನಂಬಬೇಕು ಅಂತ ತಿಳಿಯದೆ ಬ್ಯಾಂಕಿನವರು ಖಾತೆ ತಡೆದಿದ್ದಾರೆ. ಶಿವಮೊಗ್ಗದಲ್ಲಿ ಒಂದು ದಾವೆ, ಹೈಕೋರ್ಟಿನಲ್ಲಿ ಒಂದು ರಿಟ್, ಕ್ಷೇತ್ರ ಶಿಕ್ಷಣಾಧಿಕಾರಿಯ (ಬಿಇಒ) ಕಚೇರಿಯಲ್ಲಿ ಕಟ್ಟುಗಟ್ಟಲೆ ಅರ್ಜಿ.

ಮಠದ ಜಾಗದಲ್ಲಿ ಚರ್ಚು, ಜಮಾತ್, ಬಸದಿ ಯಾವುದನ್ನು ಇಟ್ಟು ನೋಡಿದರೂ ಜಗಳದ ರೂಪ ಹೆಚ್ಚು ಬದಲಾಗುವುದಿಲ್ಲ. ಎಲ್ಲ ಕಡೆಯೂ ಊರಿನವರ ಮಾತು ಧರ್ಮದ ಸುತ್ತ, ಗುರುಗಳ ಸುತ್ತ, ಯಾರು ಎಷ್ಟು ದುಡಿದರು ಎಂಬುದರ ಸುತ್ತ ನಡೆಯುತ್ತದೆ. ಕೋರ್ಟಿನಲ್ಲಿ ಮೊದಲ ದಿನವೇ ಕೇಳುವ ಪ್ರಶ್ನೆ ಬೇರೆ. ಈ ಶಾಲೆ ಯಾವ ಕಾಗದದ ಮೇಲೆ ನಿಂತಿದೆ? ಟ್ರಸ್ಟಾ, ಸೊಸೈಟಿಯಾ, ಮಠದ ಆಸ್ತಿಯಾ, ವಕ್ಫಾ? ಈ ಒಂದು ಉತ್ತರದಿಂದ ಮುಂದಿನದ್ದೆಲ್ಲ ತೀರ್ಮಾನವಾಗುತ್ತದೆ. ಯಾವ ಕೋರ್ಟಿಗೆ ಹೋಗಬೇಕು, ಯಾರು ಹೋಗಬಹುದು, ಹೋದರೆ ಏನು ಕೇಳಬಹುದು, ಎಲ್ಲವೂ. ಇದನ್ನು ತಿಳಿಯದೆ ತಪ್ಪು ಬಾಗಿಲು ತಟ್ಟಿ ವರ್ಷಗಳನ್ನು ಕಳೆದುಕೊಳ್ಳುವವರು ಬಹಳ. ಅಷ್ಟರಲ್ಲಿ ಒಂದನೇ ಕ್ಲಾಸಿಗೆ ಸೇರಿದ ಮಗು ಎಸ್ಸೆಸ್ಸೆಲ್ಸಿ ಮುಗಿಸಿರುತ್ತದೆ. ಈ ಲೇಖನ ಬರೆಯಲು ನನಗಿರುವ ಕಾರಣ ಅದೇ.

ಮೊದಲು ಒಂದು ಗೊಂದಲ ಬಿಡಿಸಿಕೊಳ್ಳೋಣ. ಧರ್ಮ ಕಲಿಸುವ ಶಾಲೆ ಬೇರೆ, ಧಾರ್ಮಿಕ ಸಂಸ್ಥೆ ನಡೆಸುವ ಸಾಮಾನ್ಯ ಶಾಲೆ ಬೇರೆ. ಶೃಂಗೇರಿಯ ವೇದ, ಶಾಸ್ತ್ರಗಳ ಪಾಠಶಾಲೆ ಮೊದಲನೇ ಬಗೆಗೆ ಸೇರಿದ್ದು. ಮಸೀದಿಗೆ ಹೊಂದಿಕೊಂಡ ಮದರಸವೂ ಹಾಗೆಯೇ. ಶಿಕ್ಷಣ ಹಕ್ಕು ಕಾಯ್ದೆಗೆ 2012ರಲ್ಲಿ ಮಾಡಿದ ತಿದ್ದುಪಡಿ ಪ್ರಕಾರ ಮದರಸ, ವೇದ ಪಾಠಶಾಲೆ ಮತ್ತು ಮುಖ್ಯವಾಗಿ ಧಾರ್ಮಿಕ ಬೋಧನೆ ಮಾಡುವ ಸಂಸ್ಥೆಗಳಿಗೆ ಆ ಕಾಯ್ದೆ ಅನ್ವಯವಾಗುವುದಿಲ್ಲ. ಆದರೆ ಮಠದ ಹೆಸರಿನ ಹೈಸ್ಕೂಲು, ಕಾನ್ವೆಂಟು, ಜಮಾತಿನವರ ಇಂಗ್ಲಿಷ್ ಮೀಡಿಯಂ ಶಾಲೆ ಇವೆಲ್ಲ ರಾಜ್ಯದ ಪಠ್ಯ ಕಲಿಸುವ ಶಾಲೆಗಳು. ಇವಕ್ಕೆ ಶಿಕ್ಷಣ ಇಲಾಖೆಯ ಮಾನ್ಯತೆ ಬೇಕು. ಇನ್ನು ಸರ್ಕಾರಿ ಉರ್ದು ಶಾಲೆಯನ್ನು ಮದರಸ ಎಂದುಕೊಳ್ಳುವವರು ಇಂದಿಗೂ ಇದ್ದಾರೆ. ಅದು ಸರ್ಕಾರದ್ದೇ ಶಾಲೆ, ಪಾಠದ ಭಾಷೆ ಉರ್ದು, ಅಷ್ಟೇ. ಕೋರ್ಟಿಗೆ ಬರುವ ಆಡಳಿತ ಜಗಳಗಳಲ್ಲಿ ಎದ್ದು ಕಾಣುವುದು ಧಾರ್ಮಿಕ ಸಂಸ್ಥೆ ನಡೆಸುವ ಎರಡನೇ ಬಗೆಯ ಸಾಮಾನ್ಯ ಶಾಲೆಗಳು. ಆಸ್ತಿ, ಅನುದಾನ, ನೇಮಕಾತಿ ಇರುವುದು ಅಲ್ಲೇ ಅಲ್ವಾ.

ಟ್ರಸ್ಟ್ ಆದರೆ ಒಂದು ದಾರಿ, ಸೊಸೈಟಿ ಆದರೆ ಇನ್ನೊಂದು

ಟ್ರಸ್ಟ್ ಎಂದರೆ ಒಬ್ಬರೋ ಹಲವರೋ ಒಂದು ಉದ್ದೇಶಕ್ಕೆ ಆಸ್ತಿ ಬಿಟ್ಟುಕೊಟ್ಟು, ಅದನ್ನು ನೋಡಿಕೊಳ್ಳಲು ಟ್ರಸ್ಟಿಗಳನ್ನು ಇಟ್ಟಿರುವುದು. ಹಳೆಯ ಮಾತಿನಲ್ಲಿ ಧರ್ಮದರ್ಶಿಗಳು. ಅವರು ಆಸ್ತಿಯ ಮಾಲೀಕರ ಹಾಗೆ ಕಾಣುತ್ತಾರೆ, ಆದರೆ ತಮಗಾಗಿ ಏನನ್ನೂ ಇಟ್ಟುಕೊಳ್ಳುವ ಹಾಗಿಲ್ಲ. ಅವರನ್ನು ಯಾರು ಆರಿಸಬೇಕು, ಎಷ್ಟು ವರ್ಷಕ್ಕೆ, ಒಬ್ಬರು ಹೋದರೆ ಆ ಜಾಗಕ್ಕೆ ಯಾರು ಎಂಬುದೆಲ್ಲ ಟ್ರಸ್ಟ್ ಡೀಡಿನಲ್ಲಿ ಇರಬೇಕು. ಎಷ್ಟೋ ಹಳೆಯ ಡೀಡುಗಳಲ್ಲಿ ಇದು ಇರುವುದೇ ಇಲ್ಲ. ‘ಮಠದ ಭಕ್ತರು ಸೇರಿ ನಡೆಸತಕ್ಕದ್ದು’ ಎಂಬ ಒಂದು ಸಾಲು ಇರುತ್ತದೆ. ಆ ಭಕ್ತರು ಯಾರು? ಜಗಳ ಹುಟ್ಟುವುದು ಅಲ್ಲಿಂದಲೇ.

ಮಹಾರಾಷ್ಟ್ರದಲ್ಲಿ ಇಂಥ ಟ್ರಸ್ಟುಗಳ ಮೇಲೆ ಕಣ್ಣಿಡಲು ಚಾರಿಟಿ ಕಮಿಷನರ್ ಎಂಬ ಅಧಿಕಾರಿಯೇ ಇದ್ದಾರೆ. ನಮ್ಮಲ್ಲಿ ಎಲ್ಲ ಸಾರ್ವಜನಿಕ ಟ್ರಸ್ಟುಗಳಿಗೂ ಅನ್ವಯಿಸುವ ಅಂಥ ವ್ಯವಸ್ಥೆ ಇಲ್ಲ. ಶಿವಮೊಗ್ಗದ ಒಬ್ಬ ಪೋಷಕರಿಗೆ ಟ್ರಸ್ಟಿಗಳು ದುಡ್ಡು ತಿನ್ನುತ್ತಿದ್ದಾರೆ ಅನಿಸಿದರೆ ಅವರ ಮುಂದಿರುವ ಮುಖ್ಯ ದಾರಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 92ನೇ ಸೆಕ್ಷನ್. ವಕೀಲರ ಬಾಯಲ್ಲಿ ಇದು ಸ್ಕೀಮ್ ದಾವೆ.

ಇದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ದಾವೆ ಹೂಡಲು ಕನಿಷ್ಠ ಇಬ್ಬರು ಬೇಕು. ಆ ಟ್ರಸ್ಟಿನಲ್ಲಿ ಅವರಿಗೆ ನಿಜವಾದ ಹಿತಾಸಕ್ತಿ ಇರಬೇಕು. ಅದೇ ಧರ್ಮದವರು, ಅದೇ ತಾಲ್ಲೂಕಿನವರು ಎಂಬಷ್ಟೇ ಸಾಲದು. ದಾವೆಗೆ ಮೊದಲು ಕೋರ್ಟಿನ ಅನುಮತಿ ಪಡೆಯಬೇಕು, ಅಥವಾ ಅಡ್ವೊಕೇಟ್ ಜನರಲ್ ಅವರೇ ದಾವೆ ತರಬೇಕು. ಅನುಮತಿ ಬೇಕೆನ್ನುವುದಕ್ಕೆ ಕಾರಣವಿದೆ. ವೈಯಕ್ತಿಕ ಹಗೆಗೆ ಟ್ರಸ್ಟಿಗಳನ್ನು ಕೋರ್ಟಿಗೆ ಎಳೆಯಬಾರದು ಎಂಬ ಎಚ್ಚರಿಕೆ ಅದು. ಒಳಗೆ ಹೋದ ಮೇಲೆ ಮಾತ್ರ ಈ ಸೆಕ್ಷನ್ನಿನ ಕೈ ಉದ್ದ. ಟ್ರಸ್ಟಿಯನ್ನು ತೆಗೆಯಬಹುದು, ಹೊಸಬರನ್ನು ನೇಮಿಸಬಹುದು, ಲೆಕ್ಕ ಒಪ್ಪಿಸಲು ಹೇಳಬಹುದು, ಆಸ್ತಿಯನ್ನು ಹೊಸ ಟ್ರಸ್ಟಿಗಳ ಕೈಗೆ ಕೊಡಿಸಬಹುದು. ಎಲ್ಲಕ್ಕಿಂತ ದೊಡ್ಡದು, ಇಡೀ ಸಂಸ್ಥೆ ಹೇಗೆ ನಡೆಯಬೇಕು ಎಂಬ ಯೋಜನೆಯನ್ನು ಕೋರ್ಟೇ ರೂಪಿಸಿ ಕೊಡಬಹುದು. ಸ್ಕೀಮ್ ಎನ್ನುವುದು ಅದನ್ನೇ. ಡೀಡಿನಲ್ಲಿ ಬರೆಯದೆ ಬಿಟ್ಟಿದ್ದನ್ನು ಹೀಗೆ ಕೋರ್ಟಿನ ಮೂಲಕ ತುಂಬಿಸಿಕೊಳ್ಳಬಹುದು. ಶಾಲೆಯ ಹಿತ ಬಯಸುವವರಿಗೆ ಇದು ತುಂಬ ಉಪಯೋಗದ ಅಸ್ತ್ರ. ಆದರೂ ಜನ ಮೊದಲು ಓಡುವುದು ಮಧ್ಯಂತರ ತಡೆಯಾಜ್ಞೆಗೆ. ತಡೆಯಾಜ್ಞೆಯಿಂದ ಎದುರಿನವರ ಕೈ ಕಟ್ಟಬಹುದೇ ಹೊರತು ಶಾಲೆ ಸರಿಹೋಗುವುದಿಲ್ಲ ಎಂಬುದು ನನ್ನ ದೃಢ ಅಭಿಪ್ರಾಯ.

ಸೊಸೈಟಿಯ ಕಥೆ ಬೇರೆ. ಅದು ಸದಸ್ಯರ ಸಂಸ್ಥೆ, 1960ರ ಕರ್ನಾಟಕ ಸಂಘಗಳ ನೋಂದಣಿ ಕಾಯ್ದೆಯಡಿ ಬರುತ್ತದೆ. ಬೈಲಾ ಇರುತ್ತದೆ, ವರ್ಷಕ್ಕೊಮ್ಮೆ ಸರ್ವ ಸದಸ್ಯರ ಸಭೆ ಆಗಬೇಕು, ಆಡಳಿತ ಮಂಡಳಿಯ ಪಟ್ಟಿ ಮತ್ತು ಲೆಕ್ಕಪತ್ರವನ್ನು ಪ್ರತಿ ವರ್ಷ ನೋಂದಣಾಧಿಕಾರಿಗೆ ಕೊಡಬೇಕು. ಜಿಲ್ಲೆಯಲ್ಲಿ ಈ ಕೆಲಸ ನೋಡುವವರು ಸಹಕಾರ ಸಂಘಗಳ ಉಪನಿಬಂಧಕರು. ‘ಸೊಸೈಟಿ ರಿನ್ಯೂವಲ್ ಆಗಿಲ್ಲ’ ಎಂದು ಜನ ಹೇಳುವುದು ಹೆಚ್ಚಾಗಿ ಈ ಪಟ್ಟಿ ವರ್ಷಗಟ್ಟಲೆ ಕೊಡದೇ ಇರುವುದಕ್ಕೆ. ಪಟ್ಟಿ ಕೊಡದೆ ಹತ್ತು ವರ್ಷ ಬಿಟ್ಟರೆ, ಜಗಳ ಶುರುವಾದ ದಿನ ಎರಡು ಬಣದವರೂ ತಾವೇ ನಿಜವಾದ ಮಂಡಳಿ ಎಂದು ಹೊಸ ಪಟ್ಟಿ ಹಿಡಿದು ಅದೇ ಕಚೇರಿಗೆ ಬರುತ್ತಾರೆ. ನೋಂದಣಾಧಿಕಾರಿ ಸೊಸೈಟಿಯ ವ್ಯವಹಾರದ ಬಗ್ಗೆ ವಿಚಾರಣೆ ನಡೆಸಬಹುದು. ಪರಿಸ್ಥಿತಿ ಕೆಟ್ಟರೆ ಸರ್ಕಾರ ಆಡಳಿತಾಧಿಕಾರಿಯನ್ನು ನೇಮಿಸಲು ಕಾಯ್ದೆಯಲ್ಲಿ ಅವಕಾಶವಿದೆ. ಆದರೆ ಚುನಾವಣೆ ಸರಿಯಾಗಿ ನಡೆಯಿತೋ ಇಲ್ಲವೋ, ಯಾರು ನಿಜವಾದ ಅಧ್ಯಕ್ಷರು ಎಂಬ ಜಗಳಕ್ಕೆ ಕೊನೆಗೂ ಸಿವಿಲ್ ಕೋರ್ಟೇ ಗತಿ. ಕಚೇರಿಯಲ್ಲಿ ಪಟ್ಟಿ ತೆಗೆದುಕೊಂಡು ಸೀಲು ಹಾಕಿದ ಮಾತ್ರಕ್ಕೆ ಗೆದ್ದ ಹಾಗಲ್ಲ.

ಮಠದ ಶಾಲೆಗಳಲ್ಲಿ ಇನ್ನೊಂದು ತೊಡಕು ಸೇರಿಕೊಳ್ಳುತ್ತದೆ. ಸೊಸೈಟಿಯ ಬೈಲಾದಲ್ಲಿ ‘ಪೀಠಾಧಿಪತಿಗಳೇ ಅಧ್ಯಕ್ಷರು’ ಎಂದು ಬರೆದಿರುತ್ತಾರೆ. ಪೀಠದಲ್ಲಿ ಒಬ್ಬರೇ ಇರುವವರೆಗೆ ಇದರಷ್ಟು ಸಲೀಸಾದ ವ್ಯವಸ್ಥೆ ಇಲ್ಲ. ಉತ್ತರಾಧಿಕಾರದ ಜಗಳ ಬಂದ ದಿನ ಅದೇ ಜಗಳ ಶಾಲೆಯ ಆಫೀಸ್ ರೂಮಿಗೂ ಇಳಿಯುತ್ತದೆ. ಪೀಠಕ್ಕೆ ಯಾರು ಎಂಬುದನ್ನು ಕೋರ್ಟ್ ತೀರ್ಮಾನಿಸುವವರೆಗೆ ಶಾಲೆಗೆ ಅಧ್ಯಕ್ಷರು ಯಾರು ಎಂಬುದೂ ತೂಗುತ್ತಲೇ ಇರುತ್ತದೆ. ಮಠಾಧಿಪತಿಯ ಸ್ಥಾನದ ಬಗ್ಗೆ ಸುಪ್ರೀಂ ಕೋರ್ಟ್ 1954ರಲ್ಲೇ, ಉಡುಪಿಯ ಶಿರೂರು ಮಠದ ಪ್ರಕರಣದಲ್ಲಿ, ಒಂದು ಮಹತ್ವದ ಮಾತು ಹೇಳಿದೆ. ಅದು ಬರೀ ಹುದ್ದೆಯಲ್ಲ, ಅದರಲ್ಲಿ ಆಸ್ತಿಯ ಹಕ್ಕಿನ ಅಂಶವೂ ಬೆರೆತಿದೆ ಎಂದು. ಮಠಾಧಿಪತಿಯನ್ನು ಸರ್ಕಾರ ಒಬ್ಬ ನೌಕರನ ಹಾಗೆ ನೋಡಲಾಗದು ಎಂಬುದು ಅಲ್ಲಿಂದ ಬಂತು.

ಹೊಸನಗರದ ಎರಡು ಮಠಗಳು

ಈ ವಿಷಯದ ಅತ್ಯಂತ ಕುತೂಹಲದ ಭಾಗ ಸಂವಿಧಾನದಲ್ಲಿದೆ. ಅದನ್ನು ಅರ್ಥ ಮಾಡಿಕೊಳ್ಳಲು ಹೊಸನಗರ ತಾಲ್ಲೂಕಿಗಿಂತ ಒಳ್ಳೆಯ ಜಾಗ ಇಲ್ಲ. ಅಲ್ಲಿ ರಾಮಚಂದ್ರಾಪುರ ಮಠ ಇದೆ. ಅದೇ ತಾಲ್ಲೂಕಿನಲ್ಲಿ ಹುಂಚದ ಜೈನ ಮಠವೂ ಇದೆ. ಈ ಎರಡೂ ಮಠದವರು ನಾಳೆ ಒಂದೊಂದು ಶಾಲೆ ತೆರೆದರು ಎಂದುಕೊಳ್ಳೋಣ. ಒಂದೇ ಮಳೆ, ಒಂದೇ ರಸ್ತೆ, ಒಂದೇ ಬಿಇಒ. ಕಾನೂನು ಮಾತ್ರ ಒಂದೇ ಅಲ್ಲ.

2014ರ ಜನವರಿಯಲ್ಲಿ ಕೇಂದ್ರ ಸರ್ಕಾರ ಜೈನರನ್ನು ರಾಷ್ಟ್ರಮಟ್ಟದ ಅಲ್ಪಸಂಖ್ಯಾತ ಸಮುದಾಯ ಎಂದು ಘೋಷಿಸಿತು. ಹಾಗಾಗಿ ಜೈನರು ಕಟ್ಟಿದ ಶಾಲೆ 30ನೇ ವಿಧಿಯ ರಕ್ಷಣೆ ಕೇಳಬಹುದು. ಧರ್ಮ ಅಥವಾ ಭಾಷೆಯ ಆಧಾರದ ಅಲ್ಪಸಂಖ್ಯಾತರು ತಮಗೆ ಬೇಕಾದ ಶಿಕ್ಷಣ ಸಂಸ್ಥೆ ಕಟ್ಟಿ ನಡೆಸಬಹುದು ಎನ್ನುತ್ತದೆ ಆ ವಿಧಿ. ರಾಮಚಂದ್ರಾಪುರ ಮಠದಂಥ ಹಿಂದೂ ಮಠಕ್ಕೆ 30ನೇ ವಿಧಿ ಸಿಗುವುದಿಲ್ಲ. ಹಾಗಂತ ಅದು ಬರಿಗೈಯಲ್ಲಿ ನಿಂತಿಲ್ಲ. ಧಾರ್ಮಿಕ ಮತ್ತು ಧರ್ಮಾರ್ಥ ಸಂಸ್ಥೆ ಕಟ್ಟಿ ನಡೆಸುವ ಹಕ್ಕನ್ನು 26ನೇ ವಿಧಿ ಪ್ರತಿಯೊಂದು ಪಂಗಡಕ್ಕೂ ಕೊಡುತ್ತದೆ. ಉದ್ಯೋಗದ ಸ್ವಾತಂತ್ರ್ಯ ಕೊಡುವ 19ನೇ ವಿಧಿಯೊಳಗೂ ಶಾಲೆ ನಡೆಸುವುದು ಸೇರುತ್ತದೆ. ಇದನ್ನೆಲ್ಲ ಬಿಡಿಸಿ ಹೇಳಿದ್ದು ಟಿ.ಎಂ.ಎ. ಪೈ ಪ್ರತಿಷ್ಠಾನದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2002ರಲ್ಲಿ ಕೊಟ್ಟ ತೀರ್ಪು. ನಮ್ಮದೇ ರಾಜ್ಯದ ಪ್ರಕರಣ, 11 ನ್ಯಾಯಮೂರ್ತಿಗಳ ಪೀಠ. ಯಾರು ಅಲ್ಪಸಂಖ್ಯಾತರು ಎಂಬುದನ್ನು ಇಡೀ ದೇಶದ ಲೆಕ್ಕದಲ್ಲಿ ನೋಡದೆ ರಾಜ್ಯದ ಲೆಕ್ಕದಲ್ಲಿ ನೋಡಬೇಕು ಎಂದೂ ಅದೇ ತೀರ್ಪು ಹೇಳಿತು.

ಹಾಗಾದರೆ ವ್ಯತ್ಯಾಸ ಎಲ್ಲಿ ಕಾಣುತ್ತದೆ? ಮೊದಲನೆಯದು, ಶಿಕ್ಷಣ ಹಕ್ಕು ಕಾಯ್ದೆಯಡಿ ಖಾಸಗಿ ಶಾಲೆಗಳು ಬಡ, ಹಿಂದುಳಿದ ಮಕ್ಕಳಿಗೆ ಬಿಡಬೇಕಾದ 25 ಶೇಕಡಾ ಸೀಟು. ಸುಪ್ರೀಂ ಕೋರ್ಟಿನ 2014ರ ಪ್ರಮತಿ ತೀರ್ಪಿನ ಪ್ರಕಾರ ಅಲ್ಪಸಂಖ್ಯಾತ ಶಾಲೆಗಳಿಗೆ, ಅನುದಾನ ಇರಲಿ ಇಲ್ಲದಿರಲಿ, ಈ ಕಾಯ್ದೆ ಅನ್ವಯಿಸುವುದಿಲ್ಲ. 2025ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳ ಪೀಠ ಆ ತೀರ್ಪು ಸರಿಯೇ ಎಂದು ಅನುಮಾನ ವ್ಯಕ್ತಪಡಿಸಿ, ದೊಡ್ಡ ಪೀಠ ಇದನ್ನು ನೋಡಬೇಕು ಎಂದಿದೆ. ನಮ್ಮ ರಾಜ್ಯದಲ್ಲಿ 2019ರಿಂದ ಹತ್ತಿರದಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಖಾಸಗಿ ಶಾಲೆಯಲ್ಲಿ ಈ ಸೀಟು ಸಿಗುವುದಿಲ್ಲ. ಹಾಗಾಗಿ ಹಳ್ಳಿಗಳಲ್ಲಿ ಈ ವಿಷಯದ ಬಿಸಿ ಕಡಿಮೆ. ಎರಡನೆಯದು, ಮುಖ್ಯಸ್ಥರ ಆಯ್ಕೆ. ಅಲ್ಪಸಂಖ್ಯಾತ ಸಂಸ್ಥೆ, ಅನುದಾನ ಪಡೆಯುತ್ತಿದ್ದರೂ, ಅರ್ಹತೆ ಇರುವ ಯಾರನ್ನಾದರೂ ಪ್ರಾಂಶುಪಾಲರಾಗಿ ಆರಿಸಬಹುದು, ಹಿರಿತನಕ್ಕೆ ಕಟ್ಟುಬೀಳಬೇಕಿಲ್ಲ. ಕೇರಳದ ಮಲಂಕರ ಕ್ಯಾಥೊಲಿಕ್ ಕಾಲೇಜಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟಪಡಿಸಿದೆ. ಸಂಸ್ಥೆಯ ಸ್ವಭಾವ ಉಳಿಯುವುದು ಆ ಕುರ್ಚಿಯಲ್ಲಿ ಕೂತವರಿಂದ ಎಂಬುದು ಅದರ ಹಿಂದಿನ ತರ್ಕ. ಇದರಲ್ಲಿ ಹುರುಳಿದೆ ಅನಿಸುತ್ತದೆ. ಆದರೆ ಮೂವತ್ತು ವರ್ಷ ಪಾಠ ಮಾಡಿದ ಹಿರಿಯ ಶಿಕ್ಷಕಿಯನ್ನು ದಾಟಿ ಕಿರಿಯರೊಬ್ಬರು ಮೇಲೆ ಹೋದಾಗ ಆಕೆಗೆ ಆಗುವ ನೋವನ್ನು ಈ ತರ್ಕ ತುಂಬುವುದಿಲ್ಲ.

ಇಲ್ಲಿಂದಲೇ ಇನ್ನೊಂದು ದೊಡ್ಡ ಪ್ರಶ್ನೆ ಬರುತ್ತದೆ. ಒಂದು ಶಾಲೆ ಅಲ್ಪಸಂಖ್ಯಾತರದ್ದು ಎಂದು ಹೇಗೆ ತೀರ್ಮಾನ ಮಾಡುವುದು? 2024ರ ನವೆಂಬರಿನಲ್ಲಿ ಅಲಿಗಢ ಮುಸ್ಲಿಂ ವಿಶ್ವವಿದ್ಯಾಲಯದ ಪ್ರಕರಣದಲ್ಲಿ 7 ನ್ಯಾಯಮೂರ್ತಿಗಳ ಪೀಠ ಬಹುಮತದಿಂದ ಹೇಳಿದ್ದು ಇದು: ಕಟ್ಟುವ ಆಲೋಚನೆ ಯಾರದ್ದು, ಯಾರಿಗಾಗಿ ಕಟ್ಟಿದರು, ಹಣ ಮತ್ತು ಜಾಗ ಎಲ್ಲಿಂದ ಬಂತು, ಕಟ್ಟುವಾಗ ಮುಂದೆ ನಿಂತವರು ಯಾರು ಎಂದು ಮೂಲ ಹುಡುಕಬೇಕು. ಈಗ ಆಡಳಿತ ಯಾರ ಕೈಯಲ್ಲಿದೆ ಎಂಬುದೊಂದೇ ಅಳತೆಯಾಗದು. ಮಲೆನಾಡಿನ ಹಳೆಯ ಶಾಲೆಗಳಿಗೆ ಈ ಮಾತು ತುಂಬ ಮುಖ್ಯ. ಕ್ರೈಸ್ತ ಸನ್ಯಾಸಿನಿಯರು ಕಟ್ಟಿದ ಕಾನ್ವೆಂಟಿನ ಇವತ್ತಿನ ಮಕ್ಕಳಲ್ಲಿ ಹೆಚ್ಚಿನವರು ಹಿಂದೂಗಳೇ ಇರಬಹುದು, ಶಿಕ್ಷಕರೂ ಇರಬಹುದು. ಅದರಿಂದ ಅದರ ಮೂಲ ಅಳಿಸಿಹೋಗುವುದಿಲ್ಲ. ಹಾಗೆಯೇ ಊರಿನ ಎಲ್ಲ ಜಾತಿಯವರೂ ಸೇರಿ ಕಟ್ಟಿದ ಶಾಲೆಯನ್ನು ಆಮೇಲೆ ಒಂದು ಸಮುದಾಯದವರು ವಹಿಸಿಕೊಂಡು ಅಲ್ಪಸಂಖ್ಯಾತ ಪ್ರಮಾಣಪತ್ರ ಕೇಳಿದರೆ, ಹಳೆಯ ದೇಣಿಗೆ ಪುಸ್ತಕವೇ ಎದುರು ಸಾಕ್ಷಿಯಾಗಿ ಬರಬಹುದು. ದೇಣಿಗೆ ಪುಸ್ತಕ, ಅಡಿಗಲ್ಲಿನ ಫಲಕ, ಮೊದಲ ಸಭೆಯ ನಡಾವಳಿ ಇವನ್ನು ಗೆದ್ದಲಿನಿಂದ ಉಳಿಸಿಟ್ಟುಕೊಂಡ ಶಾಲೆಗಳು ಪುಣ್ಯವಂತರದ್ದು.

ಲಿಂಗಾಯತ ಮಠಗಳ ಶಾಲೆಗಳ ವಿಷಯ ಬಂದಾಗಲೂ ಜನ ಈ ಪ್ರಶ್ನೆ ಕೇಳುತ್ತಾರೆ. 2018ರ ಮಾರ್ಚಿನಲ್ಲಿ ಲಿಂಗಾಯತರಿಗೆ ಧಾರ್ಮಿಕ ಅಲ್ಪಸಂಖ್ಯಾತ ಸ್ಥಾನ ಕೊಡಬೇಕೆಂದು ರಾಜ್ಯ ಸರ್ಕಾರ ಕೇಂದ್ರಕ್ಕೆ ಶಿಫಾರಸು ಮಾಡಿತ್ತು. ಕೇಂದ್ರ ಒಪ್ಪಲಿಲ್ಲ. ಹಾಗಾಗಿ ಆ ಶಾಲೆಗಳು ಸದ್ಯಕ್ಕೆ 26 ಮತ್ತು 19ನೇ ವಿಧಿಗಳ ನೆರಳಿನಲ್ಲೇ ಇವೆ.

ಸರ್ಕಾರ ಎಲ್ಲಿಯವರೆಗೆ ಕೈಹಾಕಬಹುದು?

ಧಾರ್ಮಿಕ ಸಂಸ್ಥೆಯ ಶಾಲೆ ಎಂದರೆ ಸರ್ಕಾರ ಮುಟ್ಟುವಂತಿಲ್ಲ ಎಂಬ ನಂಬಿಕೆ ಕೆಲವರಿಗೆ. ಸರ್ಕಾರ ಬಯಸಿದರೆ ನಾಳೆಯೇ ವಶಕ್ಕೆ ತೆಗೆದುಕೊಳ್ಳಬಹುದು ಎಂಬ ಭಯ ಇನ್ನು ಕೆಲವರಿಗೆ. ಎರಡೂ ತಪ್ಪು. ನಡೆಸುವ ಹಕ್ಕಿನೊಳಗೆ ಕೆಡಿಸುವ ಹಕ್ಕು ಸೇರಿಲ್ಲ ಎಂದು ಸುಪ್ರೀಂ ಕೋರ್ಟ್ 1958ರಲ್ಲಿ, ಕೇರಳ ಶಿಕ್ಷಣ ಮಸೂದೆಯ ಪ್ರಕರಣದಲ್ಲೇ ಹೇಳಿಯಾಗಿದೆ. ಶಿಕ್ಷಕರ ಅರ್ಹತೆ, ಕಟ್ಟಡದ ಸುರಕ್ಷತೆ, ಪಠ್ಯಕ್ರಮ, ಲೆಕ್ಕಪತ್ರ ಇವುಗಳಲ್ಲಿ ಸರ್ಕಾರ ನಿಯಮ ಹಾಕಬಹುದು. ಅನುದಾನ ಕೊಟ್ಟರೆ ಇನ್ನೂ ಜಾಸ್ತಿ. ಆದರೆ ಆಡಳಿತವನ್ನೇ ಕಿತ್ತುಕೊಳ್ಳುವ ಮಟ್ಟಕ್ಕೆ ಹೋದರೆ ಕೋರ್ಟ್ ತಡೆಯುತ್ತದೆ.

ನಮ್ಮ ಪಕ್ಕದ ಚಿತ್ರದುರ್ಗದ ಮುರುಘಾ ಮಠದಲ್ಲಿ ಇದು ಕಣ್ಣೆದುರೇ ನಡೆಯಿತು. ಅದರ ಹೆಸರಿನಲ್ಲಿ ಶಾಲೆ, ಕಾಲೇಜುಗಳ ದೊಡ್ಡ ಬಳಗವೇ ಇದೆ. ಪೀಠಾಧಿಪತಿಗಳು ಆಡಳಿತ ನೋಡಿಕೊಳ್ಳಲಾಗದ ಪರಿಸ್ಥಿತಿ ಬಂದಾಗ, 2022ರ ಡಿಸೆಂಬರಿನಲ್ಲಿ ರಾಜ್ಯ ಸರ್ಕಾರ ನಿವೃತ್ತ ಐಎಎಸ್ ಅಧಿಕಾರಿಯೊಬ್ಬರನ್ನು ಆಡಳಿತಾಧಿಕಾರಿಯಾಗಿ ನೇಮಿಸಿತು. ಅದನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಲಾಯಿತು. 2023ರಲ್ಲಿ ಹೈಕೋರ್ಟ್ ಆ ನೇಮಕವನ್ನು ರದ್ದು ಮಾಡಿತು. ಸಂಸ್ಥೆ ಕಷ್ಟದಲ್ಲಿದೆ ಎಂಬ ಕಾರಣವೊಂದೇ ಸರ್ಕಾರಕ್ಕೆ ಸಾಕಾಗುವುದಿಲ್ಲ, ಅದರ ಹಿಂದೆ ಸರಿಯಾದ ಕಾನೂನಿನ ಬಲ ಇರಬೇಕು.

ಮುಜರಾಯಿ ಕಾಯ್ದೆಯ ವಿಷಯದಲ್ಲೂ ಇಂಥದ್ದೇ ಗಡಿ ಇದೆ. 1997ರ ಕರ್ನಾಟಕ ಹಿಂದೂ ಧಾರ್ಮಿಕ ಸಂಸ್ಥೆಗಳ ಕಾಯ್ದೆ 2003ರಲ್ಲಿ ಜಾರಿಗೆ ಬಂತು. ಮಠಗಳಿಗೆ ಮತ್ತು ಮಠಕ್ಕೆ ಸೇರಿದ ದೇವಸ್ಥಾನಗಳಿಗೆ ಅದು ಅನ್ವಯಿಸುವುದಿಲ್ಲ. ಹಾಗಾದರೆ ಯಾವುದು ಮಠಕ್ಕೆ ಸೇರಿದ್ದು, ಯಾವುದು ಸಾರ್ವಜನಿಕರದ್ದು? ಗೋಕರ್ಣದ ಮಹಾಬಲೇಶ್ವರ ದೇವಸ್ಥಾನದ ದೀರ್ಘ ವ್ಯಾಜ್ಯ ಈ ಪ್ರಶ್ನೆಯದ್ದೇ. 2008ರಲ್ಲಿ ಸರ್ಕಾರ ಅದನ್ನು ಮುಜರಾಯಿ ಪಟ್ಟಿಯಿಂದ ತೆಗೆದು ರಾಮಚಂದ್ರಾಪುರ ಮಠಕ್ಕೆ ಕೊಟ್ಟಿತು. 2018ರಲ್ಲಿ ಹೈಕೋರ್ಟ್ ಆ ಆದೇಶ ರದ್ದು ಮಾಡಿತು. 2021ರಲ್ಲಿ ಸುಪ್ರೀಂ ಕೋರ್ಟ್, ಮಧ್ಯಂತರ ವ್ಯವಸ್ಥೆಯಾಗಿ, ನಿವೃತ್ತ ನ್ಯಾಯಮೂರ್ತಿ ಬಿ.ಎನ್. ಶ್ರೀಕೃಷ್ಣ ಅವರ ನೇತೃತ್ವದ ಸಮಿತಿಗೆ ಮೇಲುಸ್ತುವಾರಿ ವಹಿಸಿತು. ಅದು ಶಾಲೆಯ ವಿಷಯ ಅಲ್ಲ, ನಿಜ. ಆದರೆ ದೇವಸ್ಥಾನದ ಕಟ್ಟಡದಲ್ಲೇ, ದೇವಸ್ಥಾನದ ದುಡ್ಡಿನಲ್ಲೇ ನಡೆಯುವ ಪಾಠಶಾಲೆಗೆ ತನ್ನದೇ ಬೇರೆ ಟ್ರಸ್ಟ್ ಇಲ್ಲದಿದ್ದರೆ, ದೇವಸ್ಥಾನದ ವ್ಯಾಜ್ಯದ ಜೊತೆ ಅದರ ಹಣೆಬರಹವೂ ಕಟ್ಟಿಕೊಳ್ಳುತ್ತದೆ.

ವಕ್ಫ್, ಅಂದರೆ ಮುಸ್ಲಿಮರಲ್ಲಿ ಧರ್ಮಕಾರ್ಯಕ್ಕೆ ಬಿಟ್ಟ ಆಸ್ತಿ, ಅದರಲ್ಲಿರುವ ಶಾಲೆ ಅಥವಾ ಮದರಸದ ದಾರಿ ಇನ್ನೂ ಬೇರೆ. ಅಲ್ಲಿ ನೋಡಿಕೊಳ್ಳುವವರು ಮುತವಲ್ಲಿ. ಅವರ ಮೇಲಿನ ದೂರು ಹೋಗಬೇಕಾದದ್ದು ವಕ್ಫ್ ಬೋರ್ಡಿಗೆ. ತಪ್ಪು ಸಾಬೀತಾದರೆ ಬೋರ್ಡು ಅವರನ್ನು ತೆಗೆಯಬಹುದು. ವಕ್ಫಿಗೆ ಸೇರಿದ ವಿವಾದಗಳನ್ನು ನೋಡುವುದು ವಕ್ಫ್ ನ್ಯಾಯಮಂಡಳಿ, ಸಾಮಾನ್ಯ ಸಿವಿಲ್ ಕೋರ್ಟಿಗೆ ಅಲ್ಲಿ ಬಾಗಿಲು ಮುಚ್ಚಿದೆ. 2025ರ ತಿದ್ದುಪಡಿಯ ನಂತರ ನ್ಯಾಯಮಂಡಳಿಯ ಆದೇಶದ ಮೇಲೆ 90 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ ಹೋಗಬಹುದು. ಇನ್ನು ಮುಂದೆ ವಕ್ಫ್ ಮಾಡಬೇಕಾದರೆ ಲಿಖಿತ ವಕ್ಫ್ ಪತ್ರ ಬೇಕೇ ಬೇಕು. ಈ ತಿದ್ದುಪಡಿಯ ಕೆಲವು ಭಾಗಗಳಿಗೆ ಸುಪ್ರೀಂ ಕೋರ್ಟ್ 2025ರ ಸೆಪ್ಟೆಂಬರಿನಲ್ಲಿ ತಡೆ ಕೊಟ್ಟಿದೆ. ಹಾಗಾಗಿ ಈ ವಿಷಯದಲ್ಲಿ ಹೆಜ್ಜೆ ಇಡುವವರು ವಕೀಲರನ್ನು ಕೇಳಿಯೇ ಮುಂದುವರಿಯಬೇಕು.

ಶಿಕ್ಷಕರಿಗೆ ಮಾತ್ರ ಒಂದು ಪ್ರತ್ಯೇಕ ಬಾಗಿಲು ಇದೆ. ಅದು ಬಹಳ ಜನರಿಗೆ ಗೊತ್ತಿಲ್ಲ. ಕರ್ನಾಟಕ ಶಿಕ್ಷಣ ಕಾಯ್ದೆಯಡಿ ಬರುವ ಖಾಸಗಿ ಶಾಲೆಯ ನೌಕರರನ್ನು ವಜಾ ಮಾಡಿದರೆ, ಆದೇಶ ಕೈಸೇರಿದ 3 ತಿಂಗಳೊಳಗೆ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಜಿಲ್ಲಾ ನ್ಯಾಯಾಧೀಶರೇ ಆ ನ್ಯಾಯಮಂಡಳಿ. ಅಂದರೆ ಬೆಂಗಳೂರಿಗೆ ಓಡಬೇಕಿಲ್ಲ, ಜಿಲ್ಲೆಯಲ್ಲೇ ಆಗುತ್ತದೆ. ನೇರವಾಗಿ ಹೈಕೋರ್ಟಿನಲ್ಲಿ ರಿಟ್ ಹಾಕಿದರೆ ವಾಪಸ್ ಬರುವ ಸಾಧ್ಯತೆಯೇ ಹೆಚ್ಚು. ಖಾಸಗಿ ಶಾಲೆಯ ನೌಕರಿಯ ಒಪ್ಪಂದದಲ್ಲಿ ಸಾರ್ವಜನಿಕ ಕಾನೂನಿನ ಅಂಶ ಇಲ್ಲದಿದ್ದರೆ ರಿಟ್ ನಡೆಯುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. ಎರಡು ಬಣಗಳ ಜಗಳದಲ್ಲಿ ಮೊದಲು ಕೆಲಸ ಕಳೆದುಕೊಳ್ಳುವವರು ಶಿಕ್ಷಕರು. ಆ 3 ತಿಂಗಳನ್ನು ಅವರು ಸುಮ್ನೆ ಕಾಯುತ್ತಾ ಕಳೆಯಬಾರದು.

ಜಾಗದ ಕಾಗದ

ಮಲೆನಾಡಿನ ಜಗಳಗಳ ಬೇರು ಜಾಗದಲ್ಲಿದೆ ಎನ್ನುವುದು ನನ್ನ ಅನಿಸಿಕೆ. ಇಲ್ಲಿ ದಾನ ಬಾಯಿಮಾತಿನಲ್ಲಿ ನಡೆದಿದೆ. ‘ಆ ಹಕ್ಕಲು ಶಾಲೆಗೆ’ ಎಂದು ದೊಡ್ಡವರು ಹೇಳಿದರು, ಶಾಲೆ ಎದ್ದಿತು, ಪಹಣಿಯಲ್ಲಿ ಹೆಸರು ಅವರದ್ದೇ ಉಳಿಯಿತು. ಸ್ಥಿರಾಸ್ತಿಯ ದಾನಕ್ಕೆ ನೋಂದಣಿ ಆದ ಪತ್ರ ಬೇಕು ಎನ್ನುತ್ತದೆ ಕಾನೂನು. ಮಾತಿನ ಬೆಲೆ ಗೊತ್ತಿದ್ದ ತಲೆಮಾರು ಇರುವವರೆಗೆ ತೊಂದರೆ ಆಗಲಿಲ್ಲ. ಈಗ ಮೊಮ್ಮಕ್ಕಳ ಕಾಲ, ರಸ್ತೆ ಬದಿಯ ಜಾಗಕ್ಕೆ ಒಳ್ಳೆಯ ಬೆಲೆ. ಶರಾವತಿ ಹಿನ್ನೀರಿನಿಂದ ಎದ್ದು ಬಂದವರ ಊರುಗಳಲ್ಲಂತೂ ಮನೆ, ಜಮೀನಿನ ಹಕ್ಕುಪತ್ರಕ್ಕೇ ಇಂದಿಗೂ ಹೋರಾಟ ನಡೆದಿದೆ, ಇನ್ನು ಶಾಲೆಯ ಜಾಗದ ಮಾತೇನು.

ಚರ್ಚಿನ ಶಾಲೆಗಳಲ್ಲಿ ಇದಕ್ಕೆ ಬೇರೊಂದು ಮುಖ ಇದೆ. ಕ್ಯಾಥೊಲಿಕರ ಚಿಕ್ಕಮಗಳೂರು ಧರ್ಮಪ್ರಾಂತ್ಯ 1963ರಲ್ಲಿ ಮೈಸೂರಿನಿಂದ ಬೇರೆಯಾಯಿತು. ಶಿವಮೊಗ್ಗ ಧರ್ಮಪ್ರಾಂತ್ಯ 1988ರಲ್ಲಿ ಚಿಕ್ಕಮಗಳೂರಿನಿಂದ ಬೇರೆಯಾಯಿತು. ಹಾಗಾಗಿ ಹಳೆಯ ಶಾಲೆಯೊಂದರ ಕಾಗದದಲ್ಲಿ ಹಿಂದಿನ ಧರ್ಮಪ್ರಾಂತ್ಯದ ಹೆಸರು ಉಳಿದಿರಬಹುದು. ಇನ್ನು ಕೆಲವೆಡೆ ಜಾಗ ಧರ್ಮಪ್ರಾಂತ್ಯದ್ದು, ಶಾಲೆ ನಡೆಸುವುದು ಸನ್ಯಾಸಿನಿಯರ ಸಭೆಯ ಸೊಸೈಟಿ. ಇಬ್ಬರ ನಡುವಿನ ಒಪ್ಪಂದ ಬರಹದಲ್ಲಿ ಇಲ್ಲದಿದ್ದರೆ, ಮುಂದೊಂದು ದಿನ ಅದೂ ಕೋರ್ಟ್ ಮೆಟ್ಟಿಲು ಹತ್ತುತ್ತದೆ.

ಪೋಷಕರೋ ಹಳೆಯ ವಿದ್ಯಾರ್ಥಿಗಳೋ ಈ ಕಾಗದಗಳನ್ನು ನೋಡಬೇಕೆಂದರೆ ಏನು ಮಾಡಬೇಕು? ಸ್ಥಿರಾಸ್ತಿಗೆ ಸಂಬಂಧಿಸಿದ ಪತ್ರ ಉಪನೋಂದಣಿ ಕಚೇರಿಯ 1ನೇ ಪುಸ್ತಕದಲ್ಲಿ ದಾಖಲಾಗಿರುತ್ತದೆ. ಅದರ ದೃಢೀಕೃತ ನಕಲನ್ನು ಯಾರು ಬೇಕಾದರೂ ಶುಲ್ಕ ಕಟ್ಟಿ ಪಡೆಯಬಹುದು. ಆದರೆ ಆಸ್ತಿಯ ಪ್ರಸ್ತಾಪ ಇಲ್ಲದ ಟ್ರಸ್ಟ್ ಡೀಡು 4ನೇ ಪುಸ್ತಕಕ್ಕೆ ಹೋಗಿದ್ದರೆ, ಅದರ ನಕಲು ಸಹಿ ಹಾಕಿದವರಿಗೆ ಅಥವಾ ಅದರ ಮೂಲಕ ಹಕ್ಕು ಕೇಳುವವರಿಗೆ ಮಾತ್ರ. ಅನುದಾನಿತ ಶಾಲೆಯಾದರೆ ಮಾಹಿತಿ ಹಕ್ಕು ಕಾಯ್ದೆ ಇದೆ. ಸರ್ಕಾರದ ಹಣವೇ ಮುಖ್ಯ ಆಧಾರವಾಗಿರುವ ಖಾಸಗಿ ಸಂಸ್ಥೆಯೂ ಆ ಕಾಯ್ದೆಗೆ ಒಳಪಡುತ್ತದೆ ಎಂದು 2019ರಲ್ಲಿ ಡಿಎವಿ ಕಾಲೇಜಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಶಾಲೆ ಕೊಡದಿದ್ದರೆ ಬಿಇಒ ಅಥವಾ ಜಿಲ್ಲೆಯ ಶಿಕ್ಷಣ ಇಲಾಖೆಯ ಉಪನಿರ್ದೇಶಕರ (ಡಿಡಿಪಿಐ) ಕಚೇರಿಯ ಕಡತದಲ್ಲಿ ಇರುವುದನ್ನಾದರೂ ಕೇಳಬಹುದು.

ಕೇಸು ನಡೆಯುವಾಗ ಶಾಲೆ ನಡೆಯಬೇಕು

ವ್ಯಾಜ್ಯದಲ್ಲಿ ವಾದಿ ಇರುತ್ತಾರೆ, ಪ್ರತಿವಾದಿ ಇರುತ್ತಾರೆ. ಮಕ್ಕಳು ಯಾರ ಪಟ್ಟಿಯಲ್ಲೂ ಇರುವುದಿಲ್ಲ. ಟಿ.ಸಿ.ಗೆ ಸಹಿ ಯಾರು ಹಾಕಬೇಕು, ಎಸ್ಸೆಸ್ಸೆಲ್ಸಿ ಅರ್ಜಿ ಯಾರು ಕಳಿಸಬೇಕು, ಬಿಸಿಯೂಟದ ಲೆಕ್ಕ ಯಾರು ಬರೆಯಬೇಕು, ಮಳೆಗಾಲಕ್ಕೆ ಮೊದಲು ಹೆಂಚು ಯಾರು ಕೈಯಾಡಿಸಬೇಕು? ಇದಕ್ಕೆಲ್ಲ ಮಧ್ಯಂತರ ವ್ಯವಸ್ಥೆ ಕೇಳಲು ಕಾನೂನಿನಲ್ಲಿ ಅವಕಾಶ ಇದೆ. ಎರಡೂ ಬಣದಿಂದ ಒಬ್ಬೊಬ್ಬರು ಸೇರಿ ಚೆಕ್ಕಿಗೆ ಸಹಿ ಹಾಕಲಿ ಎಂದು ಕೇಳಬಹುದು. ಕೇಸು ಮುಗಿಯುವವರೆಗೆ ಆಸ್ತಿ ನೋಡಿಕೊಳ್ಳಲು ಕೋರ್ಟೇ ಒಬ್ಬರನ್ನು, ಅಂದರೆ ರಿಸೀವರ್ ಒಬ್ಬರನ್ನು, ನೇಮಿಸಲಿ ಎಂದು ಕೇಳಬಹುದು. ಇರುವ ಮುಖ್ಯೋಪಾಧ್ಯಾಯರು ತೀರ್ಪು ಬರುವವರೆಗೆ ದಿನದ ಕೆಲಸ ನೋಡಿಕೊಳ್ಳಲಿ ಎಂದು ಕೇಳಬಹುದು. ಮೊದಲ ವಾಯಿದೆಯಲ್ಲೇ ಇದನ್ನು ಕೇಳುವ ವಕೀಲರು ಶಾಲೆಯ ನಿಜವಾದ ಸ್ನೇಹಿತರು. ಇನ್ನೊಂದು ಬಣದ ಕೈಕಟ್ಟಲು ಮಾತ್ರ ತಡೆಯಾಜ್ಞೆ ತಂದರೆ, ಗೆದ್ದ ದಿನ ಕೈಗೆ ಸಿಗುವುದು ಖಾಲಿ ಕಟ್ಟಡ.

ಶಿವಮೊಗ್ಗ ಜಿಲ್ಲೆಯವರಿಗೆ ಒಂದು ಪ್ರಾಯೋಗಿಕ ಮಾತು. ನಮ್ಮ ಜಿಲ್ಲೆಯ ಪ್ರಕರಣ ಹೈಕೋರ್ಟಿಗೆ ಹೋದರೆ ಅದು ಬೆಂಗಳೂರಿನ ಪೀಠಕ್ಕೆ. ಜಿಲ್ಲೆಯ ಗಡಿಯಾಚೆ, ಉತ್ತರ ಕನ್ನಡದ ಸಿದ್ದಾಪುರ, ಶಿರಸಿಯವರಿಗೆ ಧಾರವಾಡ ಪೀಠ. ಒಂದೇ ಮಠಕ್ಕೆ ಸಾಗರದಲ್ಲೂ ಸಿದ್ದಾಪುರದಲ್ಲೂ ಶಾಲೆ ಇದ್ದರೆ, ಒಂದೇ ಜಗಳ ಎರಡು ಊರಿನ ಎರಡು ಪೀಠದಲ್ಲಿ ನಡೆಯಬಹುದು. ದಾವೆಗಳನ್ನು ಹಂಚಿಕೊಂಡು ಹೂಡುವ ಮೊದಲು ಇದನ್ನು ಯೋಚಿಸಬೇಕು.

ಕೊನೆಯದಾಗಿ ರಾಜಿಯ ವಿಷಯ. ಹಿರಿಯರು ಕೂತು ಮಾತಾಡಿ ಮುಗಿಸುವುದು ಮಲೆನಾಡಿನಲ್ಲಿ ಇನ್ನೂ ಉಳಿದಿರುವ ಒಳ್ಳೆಯ ರೂಢಿ. ಕೋರ್ಟೂ ಮಧ್ಯಸ್ಥಿಕೆಗೆ ಕಳಿಸುತ್ತದೆ. ಆದರೆ 92ನೇ ಸೆಕ್ಷನ್ನಿನ ದಾವೆಯಲ್ಲಿ ಒಂದು ಎಚ್ಚರಿಕೆ ಬೇಕು. ಅದು ಇಬ್ಬರ ಸ್ವಂತ ವ್ಯಾಜ್ಯ ಅಲ್ಲ, ಇಡೀ ಸಾರ್ವಜನಿಕರ ಪರವಾಗಿ ಹೂಡಿದ್ದು. ಹಾಗಾಗಿ ಎರಡು ಬಣದವರು ಹೊರಗೆ ಕೂತು ಶಾಲೆಯನ್ನೋ ಆಸ್ತಿಯನ್ನೋ ಹಂಚಿಕೊಂಡು ಬರೆದ ರಾಜಿ ಪತ್ರ, ಕೋರ್ಟಿನ ಅನುಮತಿ ಇಲ್ಲದಿದ್ದರೆ ನಡೆಯುವುದಿಲ್ಲ. ಅನುಮತಿ ಕೊಡುವ ಮೊದಲು ಕೋರ್ಟ್, ಆ ಶಾಲೆಯಲ್ಲಿ ಹಿತ ಇರುವ ಇತರರಿಗೂ ನೋಟಿಸು ಕೊಡಬೇಕು. ಅಂಥ ನೋಟಿಸು ಕಚೇರಿಯ ಬೋರ್ಡಿನಲ್ಲೋ ಪತ್ರಿಕೆಯ ಮೂಲೆಯಲ್ಲೋ ಕಂಡರೆ, ಮಗುವನ್ನು ಆ ಶಾಲೆಗೆ ಕಳಿಸುವ ತಂದೆತಾಯಿಗಳು ಅದರಲ್ಲಿ ಬರೆದ ದಿನಾಂಕಕ್ಕೆ ಕೋರ್ಟಿಗೆ ಹೋಗಿ ತಮ್ಮ ಮಾತನ್ನು ಬರಹದಲ್ಲಿ ಕೊಡಬಹುದು.